ಕೆಂಪು ದೀಪ ಹತ್ತುವ ಮುಂಚೆ ಹಾಕಿದ ಸಹಿ

ಬಟ್ಟೆ ಬೀರುವಿನೊಳಗೆ ಕೂತು ಮಾತಾಡುವ ಹಣೆಬರಹ ಯಾರಿಗೂ ಬೇಡ. ಮೊಣಕಾಲು ಎದೆಗೆ ತಾಕುತ್ತದೆ, ತಲೆಯ ಮೇಲೆ ಗಂಡನ ಹಳೆಯ ಕೋಟು ತೂಗುತ್ತದೆ. ಫ್ಯಾನು ಹಾಕುವಂತಿಲ್ಲ, ಹಾಕಿದರೆ ಅದರ ಸದ್ದೂ ಮೈಕಿಗೆ ಹೋಗುತ್ತದೆ. ಬಾಗಿಲಿಗೆ ಎರಡು ರಜಾಯಿ ಇಳಿಬಿಟ್ಟು, ಬೆವರು ಕಣ್ಣಿಗಿಳಿದರೂ ಒರೆಸಿಕೊಳ್ಳದೆ ರೇಡಿಯೋ ಅಕ್ಕ ಪಾಡ್‌ಕಾಸ್ಟ್ ಮಾಡುತ್ತಿದ್ದಳು. ಹದಿನೇಳು ವರ್ಷ ರೇಡಿಯೋದಲ್ಲಿ, ಆರು ವರ್ಷ ಅದೇ ಸಂಸ್ಥೆಯ ಟೀವಿಯಲ್ಲಿ ಊರನ್ನೆಲ್ಲ ಬೆಳಿಗ್ಗೆ ಎಬ್ಬಿಸಿದವಳ ಕಚೇರಿ ಈಗ ಇಷ್ಟೇ.

ಅವಳನ್ನು ಟೀವಿಯಿಂದ ತೆಗೆದವನು ಚಾನೆಲ್ಲಿನ ಮ್ಯಾನೇಜರ್. ಕೆಲಸ ಕೊಡುವಾಗಲೂ ನಗು, ಕತ್ತು ಹಿಡಿದು ದಬ್ಬುವಾಗಲೂ ಅದೇ ನಗು. ಅದಕ್ಕೇ ಎಲ್ಲರೂ ಅವನನ್ನು ನಗೆಮುಖ ಎನ್ನುತ್ತಿದ್ದರು.

"ಮುಖ ಸ್ವಲ್ಪ ದಣಿದಿದೆ ಮೇಡಂ. ಜನಕ್ಕೆ ಹೊಸ ಮುಖ ಬೇಕಂತೆ."

"ಹಾಗಂತ ಯಾವ ಜನ ಬಂದು ಹೇಳಿದ್ರು?"

"ಎಲ್ಲಾನೂ ಬಂದೇ ಹೇಳ್ಬೇಕಾ ಮೇಡಂ!" ಎಂದು ಹಲ್ಲು ಕಿರಿದ.

ಹೋಗುವ ಮುಂಚೆ ಒಂದು ಚಿಕ್ಕ ಕೆಲಸ ಇದೆ, ನಿಮ್ಮ ನೆನಪಿಗೆ, ಎಂದ. ನಾಲ್ಕು ದಿನ ಸ್ಟುಡಿಯೋದಲ್ಲಿ ಕೂತು ಪುಟಗಟ್ಟಲೆ ಓದುವುದು. ಒಂದಕ್ಕೂ ತಲೆಬುಡವಿಲ್ಲ. 'ಬಸ್ಸು ಬಂತೇ? ಛೇ, ಕೊಡೆ ಮರೆತೆ! ನೂರಾ ಹದಿನೆಂಟು ಕಿಟಕಿಗಳು.' ಒಮ್ಮೆ ಸಿಟ್ಟಿನಲ್ಲಿ ಓದಿ ಎಂದರು, ಒಮ್ಮೆ ದುಃಖದಲ್ಲಿ. ಇಪ್ಪತ್ಮೂರು ವರ್ಷ ಅನ್ನ ಕೊಟ್ಟ ಜಾಗ ಎಂದುಕೊಂಡು ಆ ಹುಚ್ಚಿ ಒಂದಕ್ಷರ ಬಿಡದೆ ಓದಿಕೊಟ್ಟಳು.

ಆ ಸ್ಟುಡಿಯೋದಲ್ಲಿ ಒಂದು ರೂಢಿ. ಮೈಕು ಚಾಲೂ ಆಯಿತೆನ್ನುವ ಕೆಂಪು ದೀಪ ಹತ್ತಲು ಅರ್ಧ ನಿಮಿಷ ಇರುವಾಗ ಯಾರು ಯಾವ ಕಾಗದ ಮುಂದಿಟ್ಟರೂ ಸಹಿ ಹಾಕಿ ಪಕ್ಕಕ್ಕೆ ತಳ್ಳಬೇಕು. ಹಾಜರಿಯೋ, ಅತಿಥಿಗಳ ಪಟ್ಟಿಯೋ, ಏನೋ ಒಂದು. ಓದುತ್ತ ಕೂತರೆ ದೀಪ ಕಾಯುವುದಿಲ್ಲ. ಕೊನೆಯ ದಿನವೂ ಹಾಗೇ ಒಂದು ಕಾಗದ ಬಂತು. ಕಂಡವರು ಬರೆದದ್ದನ್ನೆಲ್ಲ ಊರಿಗೆ ಕೇಳುವಂತೆ ಓದಿದವಳು ತನ್ನ ಕಾಗದವನ್ನು ಓದಲಿಲ್ಲ.

ಪಾಡ್‌ಕಾಸ್ಟ್ ಕೇಳುತ್ತಿದ್ದವರು ಹೆಚ್ಚಿನಂಶ ಹೊಲಿಗೆ ಕಾರ್ಖಾನೆಯ ಹೆಂಗಸರು. ಅವಳ ನಾದಿನಿಯೂ ಅಲ್ಲೇ ಹೊಲಿಯುತ್ತಿದ್ದಳು. ಮೇಸ್ತ್ರಿಗೆ ಕಾಣದಂತೆ ಕೂದಲ ಕೆಳಗೆ ಇಯರ್‌ಫೋನು ತೂರಿಸಿ, ಒಂದು ಕಿವಿ ಅಕ್ಕನ ಕಡೆ, ಒಂದು ಕಿವಿ ಮಿಷನ್ನಿನ ಕಡೆ. ಒಂದು ಮಧ್ಯಾಹ್ನ ಅಲ್ಲಿ ಮೋಟಾರು ಸುಟ್ಟು ಹೊಗೆ ತುಂಬಿಕೊಂಡಿತು. ಹೆಂಗಸರು ಹಿಂದಿನ ಬಾಗಿಲಿಗೆ ಓಡಿದರೆ ಬೀಗ! ಬಟ್ಟೆ ಚೂರು ಕದಿಯುತ್ತಾರಂತೆ, ಅದಕ್ಕೆ ಬೀಗವಂತೆ. ಮೂವರು ಉಸಿರು ಕಟ್ಟಿ ಬಿದ್ದರು. ಯಾರೂ ಸಾಯಲಿಲ್ಲ ಎನ್ನುವುದೊಂದೇ ಪುಣ್ಯ.

ಅಕ್ಕ ಅದನ್ನೆಲ್ಲ ಪಾಡ್‌ಕಾಸ್ಟಿನಲ್ಲಿ ಬಿಡಿಸಿ ಹೇಳಿದಳು. ಬೀಗ ತೆಗೆಯುವ ತನಕ ಸೋಮವಾರದಿಂದ ಮಿಷನ್ ಮುಟ್ಟುವುದಿಲ್ಲ ಎಂದು ಹೆಂಗಸರು ಮಾತಾಡಿಕೊಂಡರು. ಕಾರ್ಖಾನೆಯ ಧಣಿಯೂ ಚಾನೆಲ್ಲಿನ ಧಣಿಯೂ ಒಬ್ಬನೇ ಆಸಾಮಿ. ಇದು ಊರಿಗೇ ಗೊತ್ತಿದ್ದ ಮಾತು.

ಸೋಮವಾರ ಸಂಜೆ ನಾದಿನಿ ಚೀಲವನ್ನು ನೆಲಕ್ಕೆ ಎಸೆದಳು.

"ಎಷ್ಟು ಚೆನ್ನಾಗಿ ಕಣ್ಣಿಗೆ ಮಣ್ಣೆರಚಿದೆ ಅತ್ತಿಗೆ!"

"ಏನೇ ಆಯ್ತು?"

"ಬೆಳಿಗ್ಗೆ ಗೇಟ್ ಹತ್ರ ರೇಡಿಯೋ ಹಾಕಿದ್ರು. ನೀನೇ ಮಾತಾಡ್ದೆ. 'ನಾನು ಹೇಳಿದ್ದು ತಪ್ಪು. ಬೀಗ ನಿಮ್ಮ ರಕ್ಷಣೆಗೇ. ಕೆಲಸಕ್ಕೆ ಹೋಗಿ ತಂಗಿಯರೇ.' ನೂರಾ ಎಂಬತ್ತು ಜನ ತೆಪ್ಪಗೆ ಒಳಗೆ ಹೋದ್ವಿ. ಅವರೆಲ್ಲ ನನ್ನ ಮುಖಕ್ಕೆ ಉಗೀತಿದ್ದಾರೆ."

"ನಿನ್ನಾಣೆ, ಬೆಳಿಗ್ಗೆ ಇಲ್ಲೇ ಈರುಳ್ಳಿ ಹೆಚ್ತಾ ಇದ್ದೆ ಕಣೇ!"

ನಾದಿನಿ ಮೊಬೈಲಿನಲ್ಲಿ ಹಿಡಿದದ್ದನ್ನು ಕೇಳಿಸಿದಳು. ಅದೇ ದನಿ. 'ತಂಗಿಯರೇ' ಎನ್ನುವ ಮುಂಚೆ ಅವಳು ಎಳೆದುಕೊಳ್ಳುವ ಆ ಸಣ್ಣ ಉಸಿರೂ ಇತ್ತು. 'ತಪ್ಪು' ಎನ್ನುವಲ್ಲಿ ದುಃಖ. ಆ ನಾಲ್ಕು ದಿನ ತಾನೇ ಓದಿಕೊಟ್ಟ ದುಃಖ ಅದು.

ಮರುದಿನ ನಗೆಮುಖನ ಮೇಜಿಗೆ ಗುದ್ದಿದಳು.

"ಯಾರನ್ನ ಕೇಳಿ ಕಂಪ್ಯೂಟರ್‌ನಲ್ಲಿ ನನ್ನ ದನಿ ಮಾಡ್ಸಿದ್ರಿ?"

ಅವನು ಕಾಗದ ತೆಗೆದು ಮುಂದಿಟ್ಟ. "ಇದನ್ನ ಓದಿ ಮೇಡಂ. ನೀವು ಓದಿದ್ರೆ ಕೇಳೋಕೆ ಚೆಂದ. 'ಈ ದನಿಯನ್ನು ಯಾವುದೇ ರೂಪದಲ್ಲಿ, ಎಂದೆಂದಿಗೂ.' ಕೆಳಗೆ ನಿಮ್ದೇ ಸಹಿ."

"ನನ್ನ ಗಂಟಲೇನು ನಿಮ್ಮಪ್ಪನ ಆಸ್ತಿನಾ?"

"ಗಂಟಲು ನಿಮ್ದೇ, ಇಟ್ಕೊಳ್ಳಿ. ದನಿ ನಮ್ದು. ಅದು ನಿಮಗಿಂತ ವಾಸಿ. ಕೆಮ್ಮಲ್ಲ, ರಜೆ ಕೇಳಲ್ಲ, ಎದುರು ಮಾತಾಡಲ್ಲ." ಆಗಲೂ ನಗುತ್ತಿದ್ದ. ಆ ನಗುವಿಗೆ ಬೆಂಕಿ ಬೀಳ.

ಅಷ್ಟಕ್ಕೇ ಬಿಟ್ಟನೇ? ಶನಿವಾರ ವಕೀಲರ ನೋಟೀಸು ಮನೆಗೆ ಬಂತು. ಪಾಡ್‌ಕಾಸ್ಟಿನಲ್ಲಿ ಕೇಳಿಬರುವ ದನಿ ಸಂಸ್ಥೆಯ ದನಿಯನ್ನು ಹೋಲುತ್ತದಂತೆ. ಕೂಡಲೇ ನಿಲ್ಲಿಸಬೇಕಂತೆ. ಅವಳ ದನಿಯನ್ನು ಅವಳೇ ಕದ್ದಳು ಎಂದು ಬರೆಯಲು ಇವರಿಗೆ ನಾಚಿಕೆಯಾದರೂ ಬೇಡವೇ?

ಭಾನುವಾರ ಮಧ್ಯಾಹ್ನ ನಾದಿನಿ ಕಾರ್ಖಾನೆಯ ಆರು ಹೆಂಗಸರನ್ನು ಕರೆತಂದಳು. ಅಕ್ಕ ಎಲ್ಲವನ್ನೂ ಹೇಳಿದಳು. ಕಾಗದದ ಮಾತು ಬಂದಾಗ ಅವಳಿಗೆ ಅಳು ತಡೆಯಲಾಗಲಿಲ್ಲ.

"ಅಳ್ಬೇಡ ಬಿಡಕ್ಕ. ಆದ್ರೆ ನಾಳೆ ನೀನು ಹೋಗ್ಬೇಡಿ ಅಂದ್ರೆ, ಅದು ಹೋಗಿ ಅನ್ನುತ್ತೆ. ಯಾವುದು ನಿಂದು ಅಂತ ನಮಗೆ ಹೇಗೆ ಗೊತ್ತಾಗ್ಬೇಕು?" ಎಂದಳು ಗುಂಡಿ ಹಚ್ಚುವ ದಪ್ಪ ಹೆಂಗಸು.

ಅಕ್ಕ ಎದ್ದಳು. ಬೀರುವಿನ ರಜಾಯಿ ಸರಿಸಿದಳು. ನಾದಿನಿಯ ಕೈಗೆ ನೋಟೀಸು ಕೊಟ್ಟು ಒಳಗೆ ಮೈಕಿನ ಮುಂದೆ ಕೂರಿಸಿದಳು.

"ಅಯ್ಯೋ, ನಾನಾ? ನನಗೆ ನೆಟ್ಟಗೆ ಓದೋಕೂ ಬರಲ್ಲ!"

"ಬರೋ ಹಾಗೆ ಓದು."

ನಾದಿನಿ ತಡವರಿಸುತ್ತ ಓದಿದಳು. 'ಸಂಸ್ಥೆಯ ಸ್ವತ್ತು' ಎನ್ನುವಲ್ಲಿ ಮೂರು ಸಲ ಎಡವಿದಳು. ತಿದ್ದಲೆಂದು ಅಕ್ಕ ಬಾಯಿ ತೆರೆದು, ಮತ್ತೆ ಮುಚ್ಚಿಕೊಂಡಳು. ಸಾಲಿನ ಕೆಳಗೆ ಬೆರಳಿಟ್ಟು ತೋರಿಸಿದಳು, ಅಷ್ಟೇ. ಅರ್ಧಕ್ಕೇ ರೇಗಿ ನಾದಿನಿ ಕಾಗದ ಬಿಸಾಡಿದಳು.

"ಸಾಕು ಇದು! ನಾನು ಎರಡನೇ ಸಾಲಿನ ಏಳನೇ ಮಿಷನ್‌ನೋಳು. ಹಿಂದಿನ ಬಾಗಿಲಿಗೆ ನಿನ್ನೆನೂ ಬೀಗ ಇತ್ತು, ನಾನೇ ಎಳೆದು ನೋಡಿದೀನಿ. ನಮ್ಮಕ್ಕನ ದನಿ ಕದ್ದಿದ್ದಾರೆ. ನಾಳೆ ಅದು ಏನಂದ್ರೂ ನಂಬಬೇಡಿ. ಬೀಗ ತೆಗೆಯೋ ತನಕ ನಾನು ಒಳಗೆ ಕಾಲಿಡಲ್ಲ. ಇದು ನನ್ನ ಬಾಯಿ. ನಾನು ಯಾವ ಕಾಗದಕ್ಕೂ ಸಹಿ ಹಾಕಿಲ್ಲ!"

"ಸಾಕು ಬಾರೇ ಹೊರಗೆ, ನಂದೂ ಇದೆ," ಎಂದು ಗುಂಡಿಯವಳು ಆಗಲೇ ತೋಳು ಮಡಚಿ ನಿಂತಿದ್ದಳು. ಆ ಬೀರುವಿನಲ್ಲಿ ಅವಳು ಹಿಡಿಯಲಿಲ್ಲ. ಬಾಗಿಲು ತೆರೆದಿಟ್ಟೇ ಮಾತಾಡಿದಳು. ಅಂದು ರಾತ್ರಿಯೇ ಅದೆಲ್ಲ ಪಾಡ್‌ಕಾಸ್ಟಿನಲ್ಲಿ ಕಾರ್ಖಾನೆಯವರ ಕಿವಿಗೆ ಹೋಯಿತು.

ಸೋಮವಾರ ಬೆಳಿಗ್ಗೆ ಕಾರ್ಖಾನೆಯ ಗೇಟಿನ ಮೇಲೆ ಸ್ಪೀಕರು ಶುರುವಾಯಿತು. ಸಣ್ಣ ಉಸಿರು, ಆಮೇಲೆ ಆ ಇಂಪಾದ ದನಿ. "ತಂಗಿಯರೇ, ಯಾರ ಮಾತಿಗೂ ಕಿವಿಗೊಡಬೇಡಿ. ಕೆಲಸಕ್ಕೆ ಹೋಗಿ."

ಗುಂಪಿನ ನಡುವೆ ಅಕ್ಕ ಬಾಯಿ ಬಿಗಿಹಿಡಿದು ನಿಂತಿದ್ದಳು. ಗುಂಡಿಯವಳು ಅವಳ ರಟ್ಟೆ ಹಿಡಿದು ಮೇಲೆತ್ತಿ, ಸ್ಪೀಕರಿನ ಕಡೆ ಕೂಗಿದಳು.

"ಅಕ್ಕ ಇಲ್ಲಿದ್ದಾಳೆ ಕಣೋ! ನೀನ್ಯಾರೋ ಅಲ್ಲಿ?"

ಸ್ಪೀಕರು ಅದನ್ನೇ ಮತ್ತೆ ಹೇಳಿತು. ಒಬ್ಬಳೂ ಒಳಗೆ ಹೋಗಲಿಲ್ಲ.