ಸತ್ತ ಮೇಲೆ ನಗಬೇಕು

ದುಬೈನ ಜೆಬೆಲ್ ಅಲಿಯ ಗೋದಾಮಿನೊಳಗೆ ಹಾಕಿದ್ದ ಸೆಟ್‌ನಲ್ಲಿ ಜರ್ಮನ್ ನಟ ಎಕಾರ್ಟ್ ಗುಂಡೇಟು ತಿಂದು ಬಿದ್ದ. ನಲವತ್ತು ವರ್ಷಗಳಿಂದ ಅವನಿಗೆ ಸಿಕ್ಕಿದ್ದು ಇದೊಂದೇ ಪಾತ್ರ: ಕೊನೆಗೆ ಸಾಯುವ ಕ್ರೂರಿ. ಕತ್ತು ಬಿಗಿಯುವ ಈ ವಿಲನ್ ಕೋಟು ಇನ್ನು ಸಾಕು, ಇದೇ ಕೊನೆಯ ಸಾವು ಎಂದು ಬೆಳಿಗ್ಗೆಯೇ ನಿರ್ಧರಿಸಿದ್ದ.

"ಏಳ್ಬೇಡಿ ಸರ್," ಎಂದ ಉಡುಪಿಯ ನಿರ್ದೇಶಕ ಲತೇಶ್. "ಸತ್ತ ಸೀನ್ ಆದ್ಮೇಲೆ ಕ್ಯಾಮೆರಾ ನೋಡಿ ನಗ್ಬೇಕು. ನಮ್ಮಲ್ಲಿ ಅದು ಶಾಸ್ತ್ರ. ಇಲ್ಲಾಂದ್ರೆ ಅಪಶಕುನ."

ಕೊನೆಗೂ ಒಬ್ಬರು ತನಗೆ ನಗು ಅಂದರಲ್ಲ! ಎಕಾರ್ಟ್‌ಗೆ ತಡೆಯಲಾಗಲಿಲ್ಲ. ಕ್ಯಾಮೆರಾದ ಮುಂದೆ ಮೊದಲ ಸಲ ಮಗುವಿನಂತೆ ಬಾಯ್ತುಂಬ ನಕ್ಕ.

ಲತೇಶ್ ಮಾನಿಟರ್‌ನಿಂದ ಕಣ್ಣು ಕೀಳಲಿಲ್ಲ.

"ಖಲಾಸ್! ನೀವು ಸಾಯೋದೇ ಬೇಡ ಸರ್," ಎಂದ. "ಸಿನಿಮಾ ಈ ನಗುವಲ್ಲೇ ಮುಗೀಲಿ. ಪಾರ್ಟ್ ಟೂಗೂ ನೀವೇ ವಿಲನ್."