ಒಂದು ಒತ್ತಕ್ಷರದ ಅಂತರ

ಅಣ್ಣ ಅಚ್ಚುಕೂಟದಲ್ಲಿ ಪ್ರೂಫ್ ನೋಡುವವನು. ಮೂವತ್ತೆಂಟು ವರ್ಷ ಕೆಂಪು ಪೆನ್ನು ಹಿಡಿದು ಬೇರೆಯವರ ತಪ್ಪು ಹುಡುಕಿದವನು. ಅಲ್ಲಿಯವರು ಅವನಿಗೆ ತಿದ್ದಪ್ಪ ಎಂದೇ ಹೆಸರಿಟ್ಟಿದ್ದರು. ಮದುವೆಯ ಕರೆಯೋಲೆ ಕೈಗೆ ಕೊಟ್ಟರೆ ಮೊದಲು ಕಾಗುಣಿತ ನೋಡಿ, ಆಮೇಲೆ ಮದುವೆ ಯಾರದೆಂದು ಕೇಳುವ ಆಸಾಮಿ ಎಂದು ನಗುತ್ತಿದ್ದರು. ತಮ್ಮನದು ನಾಲ್ಕು ಬೀದಿಯಾಚೆ ಸೈಕಲ್ ರಿಪೇರಿ ಅಂಗಡಿ. ಅವನು ಮಾತು ಕಡಿಮೆ, ಕೈಕೆಲಸ ಜಾಸ್ತಿ.

ಒಮ್ಮೆ ಅಚ್ಚುಕೂಟಕ್ಕೆ ಹೆಸರುಗಳ ದೊಡ್ಡ ಅರ್ಥಕೋಶವೊಂದು ಬಂದಿತ್ತು. ಎಂಟು ತಿಂಗಳು ಅದರ ಪ್ರೂಫ್ ನೋಡಿದ ಮೇಲೆ ತಿದ್ದಪ್ಪನಿಗೆ ಹೆಸರುಗಳ ಹುಚ್ಚು ಹಿಡಿಯಿತು. ಕೆಲವು ದೇಶಗಳಲ್ಲಿ ಮನೆತನದ ಹೆಸರು ಮುಂದೆ ಬಂದು ಸ್ವಂತದ ಹೆಸರು ಹಿಂದೆ ನಿಲ್ಲುತ್ತದೆ. ಕೆಲವು ಕಡೆ ಅಪ್ಪನ ಹೆಸರಿಗೆ 'ಮಗ' ಎಂದು ಬಾಲ ಅಂಟಿಸಿದರೆ ಅದೇ ಮನೆತನವಾಗುತ್ತದೆ. ಇನ್ನು ಕೆಲವು ಕಡೆ ಮುತ್ತಜ್ಜನ ಬೋಳುತಲೆ ಮರಿಮಕ್ಕಳ ಹೆಸರಿನಲ್ಲಿ ಇನ್ನೂ ಹೊಳೆಯುತ್ತಿರುತ್ತದೆ. ಇದನ್ನೆಲ್ಲ ಸಿಕ್ಕಸಿಕ್ಕವರಿಗೆ ಹೇಳುತ್ತಿದ್ದ. ಕೊನೆಗೆ ಮಾತು ತನ್ನ ಮನೆತನಕ್ಕೇ ಬಂದು ನಿಲ್ಲುತ್ತಿತ್ತು. ತನ್ನ ಮನೆತನದ ಹೆಸರಿನ ಅರ್ಥ ಗಂಟೆ ಎರಕ ಹೊಯ್ಯುವವರು ಎಂದು. ಹಿರಿಯರು ಹೊಯ್ದ ಗಂಟೆಯ ದನಿ ಹತ್ತು ಊರಿಗೆ ಕೇಳಿರಬೇಕು ಎನ್ನುವಾಗ ಅವನ ಎದೆ ಎರಡಂಗುಲ ಉಬ್ಬುತ್ತಿತ್ತು.

ತಮ್ಮನ ದಾಖಲೆಗಳಲ್ಲಿ ಮಾತ್ರ ಆ ಮನೆತನದ ಹೆಸರಿನ ನಡುವಿನ ಒಂದು ಒತ್ತಕ್ಷರ ಇರಲಿಲ್ಲ. ಅದು ಹೋದರೆ ಗಂಟೆಯೂ ಹೋಯಿತು. ಅರ್ಥ ಬಾತುಕೋಳಿ ಕಾಯುವವನು ಎಂದಾಗುತ್ತದೆ. ತಮ್ಮನನ್ನು ಶಾಲೆಗೆ ಸೇರಿಸಿದ ದಿನ ಗುಮಾಸ್ತ ತೂಕಡಿಸುತ್ತಿದ್ದ ಎಂದು ತಿದ್ದಪ್ಪ ಹೇಳುತ್ತಿದ್ದ. ಅಪ್ಪನನ್ನು ಕೇಳೋಣವೆಂದರೆ ಅವನು ಹೋಗಿ ಎಷ್ಟೋ ವರ್ಷವಾಗಿತ್ತು. ಇದ್ದಾಗಲೂ ಅವನ ಸಹಿಯೆಂದರೆ ಮೊದಲಕ್ಷರ, ಕೆಳಗೊಂದು ಗೆರೆ, ಅಷ್ಟೇ.

ಒಂದು ಮಂಗಳವಾರ ಬೆಳಿಗ್ಗೆ ಅಂಗಡಿಯಲ್ಲಿ ಚಕ್ರಕ್ಕೆ ಕಡ್ಡಿ ಕೂಡಿಸುತ್ತಿದ್ದ ತಮ್ಮ ಹೊಟ್ಟೆ ಹಿಡಿದುಕೊಂಡು ಕುಸಿದ. ಪಕ್ಕದ ಅಂಗಡಿಯವರು ಸುದ್ದಿ ಮುಟ್ಟಿಸಿದರು. ತಿದ್ದಪ್ಪ ಬಿದ್ದಂಬೀಳ ಓಡಿಬಂದು ಅವನನ್ನು ಆಸ್ಪತ್ರೆಗೆ ಸೇರಿಸಿದ. ಕೂಡಲೇ ಆಪರೇಷನ್ ಆಗಬೇಕು, ಹತ್ತಿರದ ನೆಂಟರ ಸಹಿ ಬೇಕು ಎಂದರು. ಮೇಜಿನ ಹಿಂದಿದ್ದ ಹೆಂಗಸು ಇಬ್ಬರ ಗುರುತಿನ ಚೀಟಿ ಪಕ್ಕಪಕ್ಕ ಇಟ್ಟು ನೋಡಿದಳು.

"ಒಡಹುಟ್ಟಿದವರು ಅಂತೀರಿ. ಮನೆತನದ ಹೆಸರು ಬೇರೆ ಬೇರೆ ಇದೆಯಲ್ಲ?"

ತಿದ್ದಪ್ಪ ಒತ್ತಕ್ಷರದ ಕಥೆ ಹೇಳಹೊರಟ. ಅವಳಿಗೆ ಕೇಳುವ ಪುರುಸೊತ್ತಿರಲಿಲ್ಲ. ಪುಣ್ಯಕ್ಕೆ ಇಪ್ಪತ್ತು ನಿಮಿಷದಲ್ಲಿ ತಮ್ಮನ ಹೆಂಡತಿ ಹೊಲಿಗೆ ಕಾರ್ಖಾನೆಯಿಂದ ಬಂದು ಸಹಿ ಹಾಕಿದಳು. ಎಲ್ಲ ಸುಸೂತ್ರವಾಗಿಯೇ ಆಯಿತು. ಆದರೆ ಆ ಇಪ್ಪತ್ತು ನಿಮಿಷ ತಿದ್ದಪ್ಪ ಗೋಡೆಗೊರಗಿ ನಿಂತೇ ಇದ್ದ. ತಾನೇ ಎತ್ತಿ ಆಡಿಸಿದ ತಮ್ಮನಿಗೆ ತಾನು ಯಾರೂ ಅಲ್ಲ ಎನ್ನುವಂತಾಗಿತ್ತಲ್ಲ.

ವಾರ ಕಳೆದು ತಮ್ಮ ಮನೆಗೆ ಬಂದ ಮೇಲೆ, ಅವನ ಹೆಸರನ್ನು ತಿದ್ದಿಸಿಯೇ ಸಿದ್ಧ ಎಂದು ಅಣ್ಣ ಹೇಳಿದ. ತಮ್ಮ ದಿಂಬಿಗೊರಗಿ ಕಿಟಕಿಯ ಕಡೆ ನೋಡಿದ.

"ಬಿಡಣ್ಣ. ಅರವತ್ತು ಹತ್ತಿರ ಬಂತು. ಆ ಒತ್ತು ತಗೊಂಡು ಈಗ ನಾನೇನು ಮಾಡ್ಲಿ?"

"ನಿನಗೆ ಬೇಡದೆ ಇರಬಹುದು. ನನಗೆ ಬೇಕು," ಎಂದು ಅಣ್ಣ ಎದ್ದುಬಂದ.

ಮರುದಿನವೇ ಅವನು ಜನನ ನೋಂದಣಿ ಕಚೇರಿಗೆ ಹೋದ. ಅಲ್ಲಿಯ ಗುಮಾಸ್ತೆ ಕನ್ನಡಕ ಹಣೆಗೇರಿಸಿಕೊಂಡು ಕೆಲಸ ಮಾಡುವ ಶಾಂತ ಸ್ವಭಾವದ ಹೆಂಗಸು. ತಮ್ಮನ ಜನನದ ಪುಟ ತೆಗೆದಳು. ಅದರಲ್ಲಿ ಒತ್ತಿರಲಿಲ್ಲ. ಹಾಗಾದರೆ ತಪ್ಪು ಶಾಲೆಯದಲ್ಲ, ಇಲ್ಲಿಯದೇ ಎಂದು ತಿದ್ದಪ್ಪ ಉತ್ಸಾಹದಿಂದ ಮುಂದೆ ಬಾಗಿದ. ಹೋಲಿಸಿ ನೋಡಲು ತನ್ನ ಪುಟವನ್ನೂ ತೆಗೆಸಿದ. ಅದರಲ್ಲೂ ಒತ್ತಿರಲಿಲ್ಲ. ಗುಮಾಸ್ತೆ ತಾನಾಗಿಯೇ ಎದ್ದು ಹೋಗಿ, ಅಪ್ಪ ಅಮ್ಮನ ಮದುವೆಯ ದಾಖಲೆಯನ್ನೂ ಅಜ್ಜನ ಹೆಸರಿದ್ದ ಹಳೆಯ ಪುಸ್ತಕವನ್ನೂ ಧೂಳು ಕೊಡವಿ ತಂದಳು. ಭೂತಗನ್ನಡಿ ಇಟ್ಟು ನೋಡಿದರು. ಎಲ್ಲಿಯೂ ಇಲ್ಲ. ಮೂರು ತಲೆಮಾರಿನಿಂದ ಅವರು ಬಾತುಕೋಳಿ ಕಾಯುವವರೇ.

"ನಿಮ್ಮನ್ನ ಶಾಲೆಗೆ ಸೇರಿಸಿದಾಗ ಯಾರೋ ಸೇರಿಸಿಬಿಟ್ಟಿದ್ದಾರೆ," ಎಂದಳು ಗುಮಾಸ್ತೆ ಮೆಲ್ಲಗೆ. "ನಿಮ್ಮ ತಮ್ಮನವರದು ಸರಿಯಾಗಿಯೇ ಇದೆ."

ತಿದ್ದಪ್ಪ ಪ್ರೂಫ್ ನೋಡುವಂತೆ ಆ ಪುಟದ ಅಕ್ಷರಗಳ ಮೇಲೆ ಒಂದೊಂದಾಗಿ ಬೆರಳಿಟ್ಟು ಓದಿದ. ಜಗತ್ತಿನ ತಪ್ಪನ್ನೆಲ್ಲ ತಿದ್ದಿದವನು ತಾನೇ ಅಚ್ಚಿನ ತಪ್ಪಾಗಿ ಐವತ್ತಾರು ವರ್ಷ ಓಡಾಡಿದ್ದ. ಗುಮಾಸ್ತೆ ಒಂದು ಲೋಟ ನೀರು ತಂದಿಟ್ಟು, ತಿದ್ದುಪಡಿಯ ಅರ್ಜಿಯನ್ನೂ ಪಕ್ಕಕ್ಕಿಟ್ಟಳು. ಯಾರ ಹೆಸರು ತಿದ್ದಬೇಕೆಂದು ಮನೆಯಲ್ಲಿ ಕೂತು ಮಾತಾಡಿಕೊಂಡು ಬನ್ನಿ, ಅವಸರವಿಲ್ಲ ಎಂದಳು.

ಅವನು ನೇರವಾಗಿ ಸೈಕಲ್ ಅಂಗಡಿಗೆ ನಡೆದ. ತಮ್ಮನಿಗೆ ಭಾರ ಎತ್ತಬಾರದೆಂದು ವೈದ್ಯರು ಹೇಳಿದ್ದರು. ಆದರೂ ಮನೆಯಲ್ಲಿ ಮಲಗಿರಲಾರದೆ ಅವನು ಅಂದೇ ಅಂಗಡಿ ತೆಗೆದು, ಸ್ಟೂಲಿನ ಮೇಲೆ ಕೂತು ನೀರಿನ ಬಾಣಲೆಯಲ್ಲಿ ಟ್ಯೂಬ್ ಮುಳುಗಿಸಿ ಗುಳ್ಳೆ ನೋಡುತ್ತಿದ್ದ. ಅಣ್ಣನ ಮುಖ ಕಂಡೊಡನೆ ಅವನಿಗೆ ಎಲ್ಲ ತಿಳಿಯಿತು. ಟ್ಯೂಬ್ ಕೈಬಿಟ್ಟ.

"ನಿನಗೆ ಗೊತ್ತಿತ್ತು," ಎಂದ ಅಣ್ಣ.

"ಗೊತ್ತಿತ್ತು."

"ಯಾವಾಗಿಂದ?"

"ಅಮ್ಮ ಹೇಳಿದ್ಳು. ನಾನಾಗ ಹತ್ತನೇ ಕ್ಲಾಸು."

ತಮ್ಮ ಕೈ ಒರೆಸಿಕೊಂಡು ಒಂದೊಂದಾಗಿ ಹೇಳಿದ. ಅಣ್ಣ ಮೂರನೆಯ ತರಗತಿಯಲ್ಲಿದ್ದಾಗ ಮೇಷ್ಟರು 'ನನ್ನ ಹೆಸರು' ಎಂದು ಪ್ರಬಂಧ ಬರೆಸಿದ್ದರಂತೆ. ಗಂಟೆ ಎರಕದ ಅರ್ಥ ಹೇಳಿಕೊಟ್ಟವರೂ ಅವರೇ. ಅಣ್ಣ ನಾಲ್ಕು ಪುಟ ಬರೆದು, ಬಹುಮಾನವಾಗಿ ಬಣ್ಣದ ಪೆನ್ಸಿಲ್ ಡಬ್ಬಿ ಹಿಡಿದುಕೊಂಡು ಕುಣಿಯುತ್ತ ಬಂದನಂತೆ. ಅಪ್ಪ ಸತ್ಯ ಹೇಳಲು ಬಾಯಿ ತೆರೆದಾಗ ಅಮ್ಮ ಕಣ್ಸನ್ನೆಯಲ್ಲೇ ತಡೆದಳಂತೆ. ನಾಳೆ ಹೇಳಿದರಾಯಿತು ಎಂದುಕೊಂಡರಂತೆ. ಆ ನಾಳೆ ಬರಲೇ ಇಲ್ಲ.

"ಅವಳು ನನಗೆ ಒಂದೇ ಮಾತು ಹೇಳಿದ್ದು," ಎಂದ ತಮ್ಮ. "ನಿಮ್ಮಣ್ಣನಿಗೆ ಆ ಗಂಟೆ ಅಂದ್ರೆ ಜೀವ. ನಿನಗೆ ಬಾತುಕೋಳಿಯಾದ್ರೂ ನಡೆಯುತ್ತೆ, ನೀನು ಸುಮ್ನಿದ್ದುಬಿಡು, ಅಂತ."

"ನಲವತ್ತು ವರ್ಷಕ್ಕೂ ಮೇಲೆ ನಿನ್ನನ್ನ ತಪ್ಪು ಹೆಸರಿನವನು ಅಂತ ಎಲ್ಲರ ಮುಂದೆ ಆಡ್ಕೊಂಡೆನಲ್ಲೋ."

"ಆಡ್ಕೊಂಡೆ. ನನಗೇನು ಸವೆದು ಹೋಯ್ತು?"

ತಿದ್ದಪ್ಪ ಹಳೆಯ ಟೈರುಗಳ ರಾಶಿಯ ಮೇಲೆ ಕುಳಿತ. ಅಳು ಬಂತು, ಜೊತೆಗೇ ನಗುವೂ ಬಂತು. ಎರಡನ್ನೂ ತಡೆಯಲಾರದೆ ಅವನ ಭುಜ ಕುಲುಕುತ್ತಿತ್ತು. ತಮ್ಮ ಎದ್ದುಬಂದು ಪಕ್ಕದಲ್ಲಿ ಕುಳಿತ. ಆ ಮಧ್ಯಾಹ್ನ ಪಂಕ್ಚರ್ ಹಾಕಿಸಲು ಬಂದ ಇಬ್ಬರು, ಯಾರನ್ನು ಮಾತಾಡಿಸುವುದೆಂದು ತಿಳಿಯದೆ ಸೈಕಲ್ ಅಲ್ಲೇ ಬಿಟ್ಟು ಹೋದರು.

ಅರ್ಜಿಯ ವಿಷಯದಲ್ಲಿ ಮತ್ತೆ ವಾದವಾಯಿತು. ತನ್ನ ಹೆಸರಿಗೇ ಒತ್ತು ಸೇರಿಸಿಕೊಳ್ಳುತ್ತೇನೆ, ಇಷ್ಟು ವರ್ಷದ ಗಂಟೆ ನಿಲ್ಲುವುದು ಬೇಡ ಎಂದು ತಮ್ಮ ಹಟ ಹಿಡಿದ. ಅಣ್ಣ ಕೇಳಲಿಲ್ಲ. ತನ್ನ ಹೆಸರಿನ ಒತ್ತನ್ನು ತೆಗೆಯಬೇಕೆಂದು ತಾನೇ ಬರೆದ. ಕಾರಣವೇನೆಂದು ಕೇಳುವ ಜಾಗದಲ್ಲಿ, ತಮ್ಮನ ಜೊತೆ ಒಂದೇ ಮನೆತನದವನಾಗಲು ಎಂದು ತುಂಬಿಸಿದ. ಗುಮಾಸ್ತೆ ಅದನ್ನು ಎರಡು ಸಲ ಓದಿ, ಇಂಥ ಕಾರಣಕ್ಕೆ ಪುರಾವೆ ಕೇಳುವ ನಿಯಮವಿಲ್ಲ ಎಂದು ಮುದ್ರೆ ಒತ್ತಿದಳು.

ಹೊಸ ಚೀಟಿ ಬರಲು ನಾಲ್ಕು ತಿಂಗಳು ಹಿಡಿಯಿತು. ಅದರ ಜೊತೆಗೆ ತಿದ್ದಪ್ಪನ ಹೆಂಡತಿಯ ಹೆಸರೂ ಬದಲಾಗಿತ್ತು. ಗಂಟೆಯವರ ಮನೆಗೆ ಸೊಸೆಯಾಗಿ ಬಂದವಳು ಈ ವಯಸ್ಸಿನಲ್ಲಿ ಬಾತುಕೋಳಿ ಮೇಯಿಸಬೇಕಾಯಿತಲ್ಲ ಎಂದು ಅವಳು ಅವತ್ತೆಲ್ಲ ರೇಗಿಸಿದಳು. ಸಂಜೆ ಅಡುಗೆಮನೆಯ ಮೇಜಿನ ಮೇಲೆ ಹಳೆಯ ಕಾಗದ ಹರಡಿಕೊಂಡು ಹೊಸ ಸಹಿ ಅಭ್ಯಾಸಕ್ಕೆ ಕೂತಳು. ಮೂವತ್ತಾರು ವರ್ಷದ ರೂಢಿಯಲ್ಲವೇ, ಕೈ ತಾನಾಗಿಯೇ ಒತ್ತಿನ ಕಡೆ ಇಳಿಯುತ್ತಿತ್ತು. ಏಳನೆಯ ಸಲ ನಡುವೆ ಪೆನ್ನು ಎತ್ತಿ, ಒಂದು ಕ್ಷಣ ಗಾಳಿಯಲ್ಲೇ ಹಿಡಿದು, ಮುಂದಿನ ಅಕ್ಷರಕ್ಕೆ ದಾಟಿಸಿದಳು. ಹಾಳೆಯನ್ನು ಗಂಡನ ಕಡೆ ತಿರುಗಿಸಿ, ಈಗ ನೋಡಿ, ಬಂತಾ, ಎಂದು ಕೇಳಿದಳು. ಬಂತು ಎಂದ ಅವನು.