ಸರಗೂರು ಬಸ್ಸಿನ ಹಾರ್ನು

ಹುಣಸೂರಿನಿಂದ ಸರಗೂರಿಗೆ ಇಪ್ಪತ್ತೆರಡು ವರ್ಷ ಬಸ್ಸು ಓಡಿಸಿದವನು ಮುದ್ದಯ್ಯ. ಪಕ್ಕದ ಮನೆಯ ಜವರಯ್ಯನೂ ಡ್ರೈವರೇ, ಆದರೆ ಮುದ್ದಯ್ಯ ರಜೆ ಹಾಕಿದ ದಿನ ಮಾತ್ರ ಆ ದಾರಿಗೆ ಹೋದವನು. ಈಗ ಇಬ್ಬರೂ ನಿವೃತ್ತರು. ಆದರೆ ಜವರಯ್ಯ ಕಂಪ್ಯೂಟರ್ ಆಟದಲ್ಲಿ ಅದೇ ಕೆಂಪು ಬಸ್ಸು ಓಡಿಸುತ್ತಾನೆ, ಬೀದಿಯವರೆಲ್ಲ ಅವನ ಮನೆಯಲ್ಲಿ ಕೂತು ನೋಡುತ್ತಾರೆ. ಮುದ್ದಯ್ಯನ ಹೊಟ್ಟೆ ಉರಿದುಹೋಯಿತು.

ಮಗಳ ಕಂಪ್ಯೂಟರಿಗೆ ಅವನೂ ಆಟ ಹಾಕಿಸಿಕೊಂಡ. ಕೆಂಪು ಬಸ್ಸು ಆಟದ ಜೊತೆ ಬರುವುದಿಲ್ಲ, ಆಡುವವರೇ ಮಾಡಿ ಹಂಚುವ ಅದರ ಮಾಡ್ ಫೈಲನ್ನು ಬೇರೆ ಇಳಿಸಿ ಸೇರಿಸಬೇಕು. ಬಸ್ಸು ಡಿಪೋದಲ್ಲಿರುವುದೇ ಸರಿ ಎಂದುಕೊಂಡು ಫೈಲನ್ನು ಆಟ ಇನ್‌ಸ್ಟಾಲ್ ಆದ ಫೋಲ್ಡರಿಗೇ ಹಾಕಿದ. ಮೂರು ದಿನವಾದರೂ ಬಸ್ಸು ಕಾಣಲಿಲ್ಲ. ಕೊನೆಗೆ ಹಲ್ಲು ಕಚ್ಚಿಕೊಂಡು ಜವರಯ್ಯನನ್ನೇ ಕರೆದ.

“ಡಿಪೋಲಿ ನಿಲ್ಸುದ್ರೆ ಜನ ಅತ್ತಕ್ಕಾಯ್ತದಾ ಮುದ್ದಣ್ಣ? ಸ್ಟ್ಯಾಂಡಿಗೆ ತರ್ಬೇಕು ಕಣಣ್ಣ,” ಎಂದು ಜವರಯ್ಯ ನಕ್ಕ. ಡಾಕ್ಯುಮೆಂಟ್ಸ್ ಒಳಗೆ ಆಟದ ಹೆಸರಿನ ಫೋಲ್ಡರು, ಅದರೊಳಗೆ ಮಾಡ್ಸ್ ಫೋಲ್ಡರು ತೋರಿಸಿದ. ಪೆನ್‌ಡ್ರೈವಿನಲ್ಲಿ ತಂದಿದ್ದ ತನ್ನ ಬಸ್ಸಿನ ಫೈಲನ್ನೇ ಅಲ್ಲಿಗೆ ಹಾಕಿ, ಆಟ ತೆರೆದು ಮಾಡ್ ಆನ್ ಮಾಡಿದ.

ಬಸ್ಸು ಬಂತು. ಮುದ್ದಯ್ಯ ಹಾರ್ನಿನ ಕೀಲಿಯನ್ನು ಒಂದೇ ಸಲ ಒತ್ತಿದ. ಎರಡು ಗಿಡ್ಡ, ಒಂದು ಉದ್ದ ಸದ್ದು ಕೇಳಿತು. ಸರಗೂರು ದಾರಿಯಲ್ಲಿ ಕೋಟೆ ಊರಿನ ತಿರುವು ಬಂದಾಗ ಅವನು ಬಾರಿಸುತ್ತಿದ್ದದ್ದೇ ಹಾಗೆ.

“ಲೋ, ಇದು ನನ್ ಆರ್ನು ಕಣ್ಲಾ!”

“ಫೈಲ್ಗೆ ನಾನೇ ಕೂರ್ಸಿದ್ದು. ಆ ಬಸ್ಸಿಗೆ ಇನ್ಯಾರ್ದು ಆಕ್ಲಿ, ಬುಡು.”

ಮುದ್ದಯ್ಯ ಹಾರ್ನನ್ನು ಇನ್ನೊಮ್ಮೆ ಒತ್ತಿದ. ಜವರಯ್ಯ ಹೋದ ಮೇಲೆ ಹೆಂಡತಿಗೆ ಹೇಳಿದ: “ಆ ಉದ್ದ ಸದ್ದ ಇನ್ನೂ ವಸಿ ಎಳೀಬೇಕಿತ್ತು ಕಣೇ. ಅವ್ನಿಗೆ ಬರಾಕಿಲ್ಲ.”